ಒಂದೂವರೆ ಮೂಟೆ ತೂಕದ ಬಿಲ್ಲು

ಜನಕರಾಜ ಇಟ್ಟ ಪಣ ನಮಗೆಲ್ಲ ಗೊತ್ತು. ಗುರಿ ಹೊಡೆದು ತೋರಿಸಿ ಎಂದು ಅವನು ಯಾರನ್ನೂ ಕೇಳಲಿಲ್ಲ. ಬಿಲ್ಲೆತ್ತಿ ಹೆದೆ ಏರಿಸಿದರೆ ಸಾಕು, ಸೀತೆಯನ್ನು ಕೊಡುತ್ತೇನೆ ಎಂದ. ದೇಶದೇಶಗಳಿಂದ ಬಂದ ರಾಜರು ಸೋತು ಕೂತರು. ಹರಿಕಥೆಯಲ್ಲೋ ಯಕ್ಷಗಾನದಲ್ಲೋ ಈ ಪ್ರಸಂಗ ಬಂದಾಗ ಮಕ್ಕಳಿಗೆ ಒಂದು ಸಂದೇಹ ಮೂಡುತ್ತದೆ: ಕೋಲಿಗೆ ದಾರ ಕಟ್ಟುವುದು ಅಷ್ಟು ಕಷ್ಟವೆ? ಗ್ರೀಕರ ಒಡಿಸ್ಸಿ ಕಾವ್ಯದಲ್ಲೂ ಪರೀಕ್ಷೆಯ ಮೊದಲ ಹೆಜ್ಜೆ ಇದೇ. ಒಡಿಸ್ಯೂಸ್ ಮನೆಯಲ್ಲೇ ಬಿಟ್ಟುಹೋದ ಬಿಲ್ಲಿಗೆ, ಅವನ ಹೆಂಡತಿಯನ್ನು ಬಯಸಿ ಬಂದವರಲ್ಲಿ ಒಬ್ಬನಿಗೂ ಹೆದೆ ಏರಿಸಲಾಗುವುದಿಲ್ಲ.

ಈ ಸಂದೇಹವನ್ನು ಮನಸ್ಸಿನಲ್ಲಿಟ್ಟುಕೊಂಡು ಬ್ರಿಟನ್ ದ್ವೀಪಕ್ಕೆ ಹೋಗೋಣ. 1296ರಲ್ಲಿ ಹತ್ತಿಕೊಂಡ ಇಂಗ್ಲೆಂಡ್–ಸ್ಕಾಟ್ಲೆಂಡ್ ಜಗಳ ಬಿಟ್ಟುಬಿಟ್ಟು ಎರಡೂವರೆ ಶತಮಾನ ನಡೆಯಿತು. ಫಾಲ್ಕಿರ್ಕ್, ಡಪ್ಲಿನ್, ಹ್ಯಾಲಿಡನ್, ಹೋಮಿಲ್ಡನ್ ಎಂದು ಒಂದಾದ ಮೇಲೊಂದು ಕಾಳಗದಲ್ಲಿ ಸ್ಕಾಟರ ಸೇನೆಯನ್ನು ಮುರಿದದ್ದು ಲಾಂಗ್‌ಬೋ ಎಂಬ ಆಳೆತ್ತರದ ಬಿಲ್ಲು. ನಾವು ಉದ್ದಬಿಲ್ಲು ಎನ್ನೋಣ. ಅದರಲ್ಲಿ ಗುಟ್ಟೇನೂ ಇರಲಿಲ್ಲ. ಒಂದು ಮರದ ದಂಡ, ಸೆಣಬಿನಂಥ ನಾರಿನ ಹೆದೆ, ಬಾಣದ ಬಾಲಕ್ಕೆ ಹೆಬ್ಬಾತಿನ ಗರಿ. ಸ್ಕಾಟರು ಅದನ್ನು ಕಣ್ಣಾರೆ ಕಂಡರು, ಅದರ ಏಟು ತಿಂದರು, ನಾವೂ ಕಲಿಯೋಣವೆಂದು ಕಾನೂನನ್ನೂ ಮಾಡಿದರು. ಆದರೂ ಇಂಗ್ಲಿಷರ ಸಮಕ್ಕೆ ಬಿಲ್ಲುಪಡೆ ಕಟ್ಟಲು ಅವರಿಂದ ಆಗಲಿಲ್ಲ. ಕೋಲು ಮತ್ತು ದಾರದ ಆಯುಧವನ್ನು ಪಕ್ಕದ ಮನೆಯವನು ಇನ್ನೂರೈವತ್ತು ವರ್ಷ ನೋಡಿಯೂ ನಕಲು ಮಾಡಲಾಗಲಿಲ್ಲವೆಂದರೆ ಏನರ್ಥ? ಮಕ್ಕಳ ಸಂದೇಹಕ್ಕೂ ಈ ಪ್ರಶ್ನೆಗೂ ಉತ್ತರ ಒಂದೇ ಕಡೆ ಸಿಗುತ್ತದೆ. ಅದು ಮನುಷ್ಯನ ಹೆಗಲ ಮೂಳೆಯಲ್ಲಿದೆ.

ಬೌಲರನ ಚೆಂಡು, ಬಿಲ್ಲುಗಾರನ ಬಾಣ

ಮೊದಲು ಒಂದು ಲೆಕ್ಕ. ಜಾವಗಲ್ ಶ್ರೀನಾಥ್ ಅವರಂಥ ವೇಗದ ಬೌಲರ್ 160 ಗ್ರಾಮಿನ ಚೆಂಡನ್ನು ಗಂಟೆಗೆ 140 ಕಿಲೊಮೀಟರ್ ವೇಗದಲ್ಲಿ ಎಸೆದರು ಎನ್ನಿ. ಭಾರಿ ಉದ್ದಬಿಲ್ಲಿನಿಂದ ಹೊರಟ 80 ಗ್ರಾಮಿನ ಬಾಣ ಗಂಟೆಗೆ ಸುಮಾರು 200 ಕಿಲೊಮೀಟರ್ ವೇಗದಲ್ಲಿ ಹಾರುತ್ತದೆ. ಎರಡರಲ್ಲೂ ತುಂಬಿರುವ ಶಕ್ತಿಯನ್ನು ಅಳೆದರೆ ಹೆಚ್ಚುಕಮ್ಮಿ ಸಮ, ಸುಮಾರು 120 ಜೂಲ್. ಹನ್ನೆರಡು ಲೀಟರಿನ ತುಂಬಿದ ಕೊಡವನ್ನು ನೆಲದಿಂದ ಸೊಂಟಕ್ಕೆ ಎತ್ತುವಾಗ ನಮ್ಮ ತಾಯಂದಿರು ಮಾಡುತ್ತಿದ್ದ ಕೆಲಸವೂ ಅಷ್ಟೇ. ಅಂದರೆ ಬಿಲ್ಲು ಶಕ್ತಿಯನ್ನು ಹುಟ್ಟಿಸುವುದಿಲ್ಲ. ಮೈ ಕೊಟ್ಟಿದ್ದನ್ನು ಬಾಣಕ್ಕೆ ದಾಟಿಸುತ್ತದೆ, ಅದರಲ್ಲೂ ದಾರಿಯಲ್ಲಿ ಒಂದಷ್ಟು ಸೋರಿಹೋಗುತ್ತದೆ.

ಹಾಗಿದ್ದರೆ ಬಿಲ್ಲೇಕೆ ಬೇಕು? ಕೆಟ್ಟುನಿಂತ ಜೀಪನ್ನು ತಳ್ಳಿದವರು ಇದಕ್ಕೆ ಉತ್ತರ ಹೇಳಬಲ್ಲರು. ಜೀಪು ನಿಂತಿರುವಾಗ, ಮೆಲ್ಲಗೆ ಉರುಳುವಾಗ ಹೆಗಲುಕೊಟ್ಟು ಜೋರಾಗಿ ತಳ್ಳಬಹುದು. ಅದು ಓಡತೊಡಗಿದ ಮೇಲೆ ನಾವು ಜೊತೆಗೆ ಓಡುತ್ತೇವೆ, ಕೈ ತಾಗಿರುತ್ತದೆ, ಆದರೆ ತಳ್ಳುವ ಬಲ ಇರುವುದಿಲ್ಲ. ಸ್ನಾಯುವಿನ ಸ್ವಭಾವವೇ ಹಾಗೆ. ನಿಧಾನಕ್ಕೆ ಕುಗ್ಗುವಾಗ ಅದು ಬಲಶಾಲಿ, ಬೇಗ ಕುಗ್ಗಬೇಕಾದರೆ ದುರ್ಬಲ. ಕೈಯಿಂದ ನೇರವಾಗಿ ಎಸೆಯುವವನು ತನ್ನ ಸ್ನಾಯುಗಳನ್ನು ಅವು ದುರ್ಬಲವಾಗಿರುವ ವೇಗದಲ್ಲೇ ದುಡಿಸಬೇಕು. ಅದಕ್ಕೇ ಬೌಲರನಿಗೆ ಅಷ್ಟುದ್ದದ ಓಟ ಬೇಕು, ಒಂದು ಓವರಿಗೆ ಮೈ ಬೆವರುತ್ತದೆ.

ಬಿಲ್ಲುಗಾರ ಸ್ನಾಯುವನ್ನು ಅದರ ಪಾಡಿಗೆ ಬಿಡುತ್ತಾನೆ. ಹೆದೆಯನ್ನು ಸುಮಾರು ಒಂದು ಸೆಕೆಂಡಿನಲ್ಲಿ ಎಳೆಯುತ್ತಾನೆ. ಆ ಒಂದು ಸೆಕೆಂಡಿನ ದುಡಿಮೆಯನ್ನು ಬಾಗಿದ ಮರ ಹಿಡಿದಿಟ್ಟುಕೊಳ್ಳುತ್ತದೆ. ಬೆರಳು ಸಡಿಲಿಸಿದೊಡನೆ ಅದೇ ದುಡಿಮೆ ಸೆಕೆಂಡಿನ ಐವತ್ತನೆಯ ಒಂದು ಭಾಗದಲ್ಲಿ ಬಾಣಕ್ಕೆ ಇಳಿಯುತ್ತದೆ. ಮಣ್ಣಿನ ಹುಂಡಿಯಲ್ಲಿ ಕಾಸುಕಾಸಾಗಿ ಕೂಡಿಟ್ಟು ಒಂದು ದಿನ ಒಡೆದು ಒಟ್ಟಿಗೆ ತೆಗೆಯುವಂತೆ. ನಿಧಾನವಾಗಿ ತುಂಬಿಸಿ ಒಮ್ಮೆಲೇ ಬಿಡುವುದು. ಬಿಲ್ಲಿನ ವಿಜ್ಞಾನವೆಲ್ಲ ಇಷ್ಟರಲ್ಲಿದೆ. ಇದನ್ನು ನೆನಪಿಡಿ, ಇದೇ ವಿದ್ಯೆ ಇನ್ನೊಂದು ರೂಪದಲ್ಲಿ ಮತ್ತೆ ಬರುತ್ತದೆ.

ಇನ್ನು ಚೆಂಡಿಗೂ ಬಾಣಕ್ಕೂ ಇರುವ ವ್ಯತ್ಯಾಸವನ್ನು ವಿವರಿಸಬೇಕಾಗಿಲ್ಲ. ಅಷ್ಟೂ ಶಕ್ತಿ ಒಂದು ಕಬ್ಬಿಣದ ಮೊನೆಯ ಹಿಂದೆ ನಿಂತಿರುತ್ತದೆ. ಸಪೂರ ದೇಹದ ಬಾಣಕ್ಕೆ ಗಾಳಿಯ ತಡೆ ಕಡಿಮೆ, ಹಾಗಾಗಿ ಇನ್ನೂರು ಮೀಟರ್ ದಾಟಿಯೂ ಅದು ಕೊಲ್ಲಬಲ್ಲದು.

ಎರಡು ಬಣ್ಣದ ಮರ

ಕುಕ್ಕರಗಾಲಿನಲ್ಲಿ ಕೂತು ನಿಮ್ಮ ಮೊಣಕಾಲನ್ನು ನೋಡಿಕೊಳ್ಳಿ. ಮುಂದಿನ ಚರ್ಮ ಬಿಗಿದು ಹೊಳೆಯುತ್ತದೆ, ಹಿಂದಿನ ಚರ್ಮ ಮಡಿಕೆ ಬಿದ್ದು ಸುಕ್ಕಾಗುತ್ತದೆ. ಬಾಗಿದ ಯಾವ ವಸ್ತುವಿಗೂ ಇದೇ ಗತಿ. ಹೊರಮೈ ಹಿಗ್ಗಬೇಕು, ಒಳಮೈ ಕುಗ್ಗಬೇಕು. ಹಿಗ್ಗಲಾರದ ಮರ ಹೊರಗಡೆ ಸೀಳುತ್ತದೆ, ಕುಗ್ಗಲಾರದ ಮರ ಒಳಗಡೆ ನಜ್ಜುಗುಜ್ಜಾಗುತ್ತದೆ. ಒಳ್ಳೆಯ ಬಿಲ್ಲಿಗೆ ಎರಡು ಗುಣವೂ ಬೇಕು. ಒಂದೇ ಮರದಲ್ಲಿ ಎರಡೂ ಇರುವುದು ಅಪರೂಪ.

ಯೂ ಎಂಬ ಮರದಲ್ಲಿ ಅವೆರಡೂ ಇವೆ. ಹಲಸಿನ ತೊಲೆ ಕೊಯ್ದಾಗ ನಡುವೆ ಹಳದಿ ಚೇಗು, ಸುತ್ತ ಬಿಳಿ ಪದರ ಕಾಣುತ್ತದಲ್ಲ, ಯೂ ಮರದಲ್ಲೂ ಹಾಗೆಯೇ ಕೆಂಗಂದು ಚೇಗು ಮತ್ತು ಅದರ ಸುತ್ತ ಕೆನೆಬಣ್ಣದ ಪದರ. ಕೆನೆಪದರಕ್ಕೆ ಹಿಗ್ಗುವ ಗುಣ, ಚೇಗಿಗೆ ಕುಗ್ಗಿ ಮತ್ತೆ ಚಿಮ್ಮುವ ಗುಣ. ಬಿಲ್ಲು ಮಾಡುವವನು ಎರಡೂ ಸೇರುವ ಗಡಿಯಲ್ಲಿ ದಂಡವನ್ನು ಸೀಳಿ ತೆಗೆಯುತ್ತಿದ್ದ. ಶತ್ರುವಿನ ಕಡೆಗೆ ಕೆನೆಪದರ, ತನ್ನ ಕಡೆಗೆ ಚೇಗು. ಅಂಟಿಲ್ಲ, ಬೆಸುಗೆಯಿಲ್ಲ, ಎರಡು ಲೋಹ ಜೋಡಿಸಿದ ಸ್ಪ್ರಿಂಗಿನಂಥದ್ದನ್ನು ಮರ ತಾನೇ ಬೆಳೆದು ಕೊಟ್ಟಿತ್ತು. ಈ ಕುಲದ ಮರಗಳೊಂದಿಗೆ ಮನುಷ್ಯನ ನಂಟು ಇನ್ನೂ ಮುಗಿದಿಲ್ಲ ಎಂಬುದು ನನಗೆ ಸಮಾಧಾನ ಕೊಡುವ ಸಂಗತಿ. ಅಮೆರಿಕದ ಪಶ್ಚಿಮ ಕರಾವಳಿಯ ಯೂ ಮರದ ತೊಗಟೆಯಲ್ಲಿ ಮೊದಲು ಸಿಕ್ಕ ಪ್ಯಾಕ್ಲಿಟ್ಯಾಕ್ಸೆಲ್ ಇವತ್ತು ಸ್ತನ ಕ್ಯಾನ್ಸರಿಗೆ ಔಷಧ.

ಬೆಟ್ಟದ ಚಳಿಯಲ್ಲಿ ನಿಧಾನವಾಗಿ ಬೆಳೆದ, ಬಳೆಗಳು ಒತ್ತೊತ್ತಾಗಿರುವ ಯೂ ಮರವೇ ಬಿಲ್ಲಿಗೆ ಶ್ರೇಷ್ಠ. ಇಂಗ್ಲೆಂಡಿನ ಮರ ಅದಕ್ಕೆ ಸಾಲದೆ ಸ್ಪೇನ್, ಇಟಲಿ ಕಡೆಯಿಂದ ತರಿಸುತ್ತಿದ್ದರು. 1472ರಲ್ಲಿ ಇಂಗ್ಲೆಂಡ್ ಒಂದು ಕಾನೂನನ್ನೇ ಮಾಡಿತು. ಬಂದರಿಗೆ ಬರುವ ಹಡಗು ಪ್ರತಿ ಟನ್ ಸರಕಿಗೆ ನಾಲ್ಕು ಬಿಲ್ಲಿನ ದಂಡಗಳನ್ನು ತರಲೇಬೇಕು.

ಮುಳುಗಿದ ಹಡಗಿನ ಹೆಗಲುಗಳು

ಇಷ್ಟೆಲ್ಲ ಹೇಳಿದರೂ ಆ ಬಿಲ್ಲು ಎಷ್ಟು ಬಿರುಸಾಗಿತ್ತು ಎಂಬುದಕ್ಕೆ ಬಹುಕಾಲ ಪುರಾವೆ ಇರಲಿಲ್ಲ. ಮರ ಕೊಳೆಯುತ್ತದೆ. ಕಾಳಗಗಳಲ್ಲಿ ಹಿಡಿದ ಬಿಲ್ಲುಗಳೆಲ್ಲ ಮಣ್ಣಾದವು. ಉತ್ತರ ಬಂದದ್ದು ಸಮುದ್ರದಿಂದ.

1545ರ ಜುಲೈ 19ರಂದು ಇಂಗ್ಲೆಂಡಿನ ದಕ್ಷಿಣ ತೀರದಲ್ಲಿ, ದೊರೆ ಎಂಟನೆಯ ಹೆನ್ರಿಯ ಕಣ್ಣೆದುರೇ, ಅವನ ಯುದ್ಧನೌಕೆ ಮೇರಿ ರೋಸ್ ಮುಳುಗಿತು. ನಾನೂರಕ್ಕೂ ಹೆಚ್ಚು ಜನರಲ್ಲಿ ಬದುಕಿದವರು ಕೆಲವೇ ಮಂದಿ. ಹೂಳು ಹಡಗಿನ ಒಂದು ಪಾರ್ಶ್ವವನ್ನು ಹೊದಿಕೆಯಂತೆ ಮುಚ್ಚಿತು. 1982ರಲ್ಲಿ ಅದನ್ನು ಮೇಲೆತ್ತಿದರು. ಆ ಉತ್ಖನನದಲ್ಲಿ ಸಿಕ್ಕ ಉದ್ದಬಿಲ್ಲುಗಳು 172. ಜೊತೆಗೆ ಸಾವಿರಾರು ಬಾಣಗಳು, ಬಾಣದ ಗರಿ ನಲುಗದಂತೆ ಇಪ್ಪತ್ತನಾಲ್ಕು ತೂತು ಕೊರೆದ ಚರ್ಮದ ಬಿಲ್ಲೆಗಳು. ಒಂದು ಕಟ್ಟಿಗೆ 24 ಬಾಣ ಎಂಬ ಹಳೆಯ ಲೆಕ್ಕ ಕೈಗೆ ಸಿಗುವಂತೆ ಅಲ್ಲಿತ್ತು.

ಬಿಲ್ಲುಗಳ ಸರಾಸರಿ ಉದ್ದ ಎರಡು ಮೀಟರಿನಷ್ಟು. ಅವುಗಳ ಅಳತೆಗೆ ಸರಿಯಾಗಿ ಹೊಸ ಬಿಲ್ಲುಗಳನ್ನು ಮಾಡಿ ಎಳೆದು ನೋಡಿದಾಗ ತಜ್ಞರಿಗೇ ಅಚ್ಚರಿ. ಹೆದೆಯನ್ನು ಕಿವಿಯವರೆಗೆ ಎಳೆದು ಹಿಡಿಯಲು ಬೇಕಾದ ಬಲ 45 ಕಿಲೊ ತೂಕದಿಂದ ಹಿಡಿದು 80 ಕಿಲೊ ದಾಟುತ್ತಿತ್ತು. ಒಂದು ಸಿಮೆಂಟ್ ಮೂಟೆ 50 ಕಿಲೊ. ಒಂದೂವರೆ ಮೂಟೆಯನ್ನು ಮೂರು ಬೆರಳಿನಲ್ಲಿ ತೂಗಿಸಿ ಹಿಡಿದಂತೆ, ಅದೂ ನಿಮಿಷಕ್ಕೆ ಆರು ಸಲ. ಇವತ್ತಿನ ಒಲಿಂಪಿಕ್ ಬಿಲ್ಲುಗಾರರು ಎಳೆಯುವುದು ಇದರ ಮೂರನೆಯ ಒಂದು ಭಾಗ.

ಹಡಗಿನಲ್ಲಿ ಬಿಲ್ಲಿನ ಜೊತೆ ಬಿಲ್ಲುಗಾರರೂ ಇದ್ದರು. ಎಲುಬುಗಳನ್ನು ಪರೀಕ್ಷಿಸಿದ ಆನ್ ಸ್ಟರ್ಲ್ಯಾಂಡ್ ಎಂಬ ವಿಜ್ಞಾನಿಗೆ ಒಂದು ವಿಚಿತ್ರ ಕಂಡಿತು. ನಿಮ್ಮ ಹೆಗಲ ತುದಿಯನ್ನು ಒತ್ತಿ ನೋಡಿ, ಗಟ್ಟಿಯಾದ ಒಂದು ಮೂಳೆಯ ಮೂಲೆ ಸಿಗುತ್ತದೆ. ಬಾಲ್ಯದಲ್ಲಿ ಅದು ಮೃದ್ವಸ್ಥಿಯಾಗಿದ್ದು, ಹದಿನೆಂಟರಿಂದ ಇಪ್ಪತ್ತೈದರೊಳಗೆ ಮೂಳೆಯಾಗಿ ಹೆಗಲಹಲಗೆಗೆ ಬೆಸೆದುಕೊಳ್ಳುತ್ತದೆ. ಈ ಹಡಗಿನ ಜನರಲ್ಲಿ ಹಲವರಿಗೆ ಅದು ಬೆಸೆದುಕೊಂಡೇ ಇರಲಿಲ್ಲ. ಸಾಮಾನ್ಯವಾಗಿ ಜನರಲ್ಲಿ ಕಾಣುವುದಕ್ಕಿಂತ ಬಹಳ ಹೆಚ್ಚಿನ ಪ್ರಮಾಣದಲ್ಲಿ ಆ ಬೆಸುಗೆ ಕೂಡದೆ ಉಳಿದಿತ್ತು. ಹುಡುಗನಾಗಿದ್ದಾಗಿನಿಂದ, ಮೂಳೆ ಗಟ್ಟಿಯಾಗುವ ಮೊದಲೇ, ಅದೇ ಜಾಗವನ್ನು ಯಾವುದೋ ಭಾರಿ ಎಳೆತ ವರ್ಷಗಟ್ಟಲೆ ಜಗ್ಗಿದ್ದರೆ ಹೀಗಾಗಬಹುದು. ಆ ಎಳೆತ ಬಿಲ್ಲಿನದೇ ಎಂಬುದು ಅವರ ಊಹೆ. ಬಲವಾದ ಊಹೆ ಎಂದು ನನಗನ್ನಿಸುತ್ತದೆ.

ಏಕೆಂದರೆ ಅದಕ್ಕೆ ಮಾತಿನ ಸಾಕ್ಷಿಯೂ ಇದೆ. 1549ರಲ್ಲಿ ಹ್ಯೂ ಲ್ಯಾಟಿಮರ್ ಎಂಬ ಪಾದ್ರಿ ಎಳೆಯ ದೊರೆಯ ಮುಂದೆ ಪ್ರವಚನ ಮಾಡುತ್ತ ತನ್ನ ಬಾಲ್ಯವನ್ನು ನೆನೆದ. ಅವನ ಅಪ್ಪ ಒಬ್ಬ ರೈತ. ಮಗನ ವಯಸ್ಸು, ಬಲ ನೋಡಿ ಬಿಲ್ಲು ಕೊಡಿಸುತ್ತಿದ್ದ. ಹುಡುಗ ಬೆಳೆದಂತೆ ಬಿಲ್ಲೂ ಬೆಳೆಯುತ್ತಿತ್ತು. ತೋಳಿನಿಂದ ಎಳೆಯಬೇಡ, ಇಡೀ ಮೈಯನ್ನು ಬಿಲ್ಲಿನೊಳಕ್ಕೆ ಹಾಕು ಎಂದು ಕಲಿಸಿದ್ದ. ಗರಡಿಮನೆಯ ಉಸ್ತಾದರು ಹುಡುಗನ ಕೈಗೆ ಮೊದಲು ಹಗುರ ಗದೆ ಕೊಟ್ಟು ವರ್ಷವರ್ಷಕ್ಕೆ ತೂಕ ಏರಿಸುವ ಕ್ರಮವೇ ಇದು.

ಬಿಲ್ಲಿನ ಮರ ಒಂದು ಸೆಕೆಂಡಿನ ದುಡಿಮೆಯನ್ನು ಕೂಡಿಡುತ್ತದೆ. ಬಿಲ್ಲುಗಾರನ ಮೈ ಹತ್ತು ಹದಿನೈದು ವರ್ಷಗಳ ಅಭ್ಯಾಸವನ್ನು ಕೂಡಿಡುತ್ತದೆ. ಎರಡೂ ಹುಂಡಿಗಳೇ, ಆದರೆ ಎರಡನೆಯದನ್ನು ಅವಸರದಲ್ಲಿ ತುಂಬಿಸಲು ಬರುವುದಿಲ್ಲ. ಬಿಲ್ಲನ್ನು ಸಂತೆಯಲ್ಲಿ ಕೊಳ್ಳಬಹುದು, ಮೈಯನ್ನು ಕೊಳ್ಳಲಾಗದು. ಸ್ವಯಂವರದ ಪಣವಾಗಿ ಬಿಲ್ಲು ಸರಿಹೋದದ್ದು ಬಹುಶಃ ಇದಕ್ಕೇ. ಹುಟ್ಟಿನಿಂದಲೋ ಹಣದಿಂದಲೋ ಬರುವುದನ್ನು ಅದು ಅಳೆಯುವುದಿಲ್ಲ.

ಮುಳ್ಳುಕೋಟೆ

ಈಗ ಕಾಳಗಕ್ಕೆ ಬರೋಣ. ಸ್ಕಾಟರ ಕೈಯಲ್ಲಿದ್ದದ್ದು ಈಟಿ. ನಾಲ್ಕಾಳುದ್ದ ಅಲ್ಲದಿದ್ದರೂ ಎರಡಾಳಿಗಿಂತ ಉದ್ದ. ನೂರಾರು ಜನ ಒತ್ತಾಗಿ ನಿಂತು ಈಟಿಗಳನ್ನು ಹೊರಗೆ ಚಾಚಿದರೆ ಮುಳ್ಳುಹಂದಿ ಮುದುಡಿ ಮುಳ್ಳೆಬ್ಬಿಸಿದ ಹಾಗೆ. ಸ್ಕಾಟರು ಶಿಲ್ಟ್ರನ್ ಎನ್ನುತ್ತಿದ್ದ ಈ ವ್ಯೂಹವನ್ನು ಮುಳ್ಳುಕೋಟೆ ಎನ್ನೋಣ. ಬ್ರೇವ್‌ಹಾರ್ಟ್ ಸಿನಿಮಾ ನೋಡಿದವರಿಗೆ ನೆನಪಿರಬಹುದು. ಕವಚ ತೊಟ್ಟ ಕುದುರೆಸವಾರನೂ ಇದರ ಮುಂದೆ ಸೋಲುತ್ತಾನೆ, ಕುದುರೆ ಮೊನೆಗಳ ಮೇಲೆ ಹಾಯುವುದಿಲ್ಲ.

1298ರ ಜುಲೈ 22ರಂದು ಫಾಲ್ಕಿರ್ಕ್‌ನಲ್ಲಿ ಸ್ಕಾಟರ ನಾಯಕ ವಿಲಿಯಂ ವಾಲೇಸ್ ಇಂಥ ನಾಲ್ಕು ಮುಳ್ಳುಕೋಟೆಗಳನ್ನು ನಿಲ್ಲಿಸಿದ. ಅವುಗಳ ನಡುವೆ ಸ್ಕಾಟರ ಬಿಲ್ಲುಗಾರರೂ ಇದ್ದರು, ಅವರ ನಾಯಕ ಸರ್ ಜಾನ್ ಸ್ಟೂವರ್ಟ್. ಇಂಗ್ಲಿಷ್ ಕುದುರೆಪಡೆ ಈಟಿಗಳನ್ನು ಮುರಿಯಲಾರದೆ ಈ ಬಿಲ್ಲುಗಾರರ ಮೇಲೆ ಬಿತ್ತು. ಸ್ಟೂವರ್ಟನೂ ಅವನ ಜನರೂ ಅಲ್ಲೇ ಸತ್ತರು. ಅಲ್ಲಿಗೆ ಮುಳ್ಳುಕೋಟೆಗೆ ದೂರದಿಂದ ಉತ್ತರ ಕೊಡುವವರು ಇಲ್ಲದಂತಾಯಿತು. ಇಂಗ್ಲೆಂಡಿನ ದೊರೆ ಒಂದನೆಯ ಎಡ್ವರ್ಡ್ ತನ್ನ ಬಿಲ್ಲುಗಾರರನ್ನು ಮುಂದೆ ತಂದ. ಅವರಲ್ಲಿ ಬಹಳ ಮಂದಿ ವೇಲ್ಸ್ ನಾಡಿನವರು. ನಿಂತಲ್ಲೇ ನಿಂತ ಒತ್ತಾದ ಗುಂಪಿಗೆ ಗುರಿಯಿಡಬೇಕಾಗಿಯೂ ಇರಲಿಲ್ಲ. ಗುಂಪು ಚದುರಿದರೆ ಕುದುರೆ ನುಗ್ಗುತ್ತದೆ, ಚದುರದಿದ್ದರೆ ಬಾಣ ಬೀಳುತ್ತದೆ. ಬೇಲಿ ತೆಳುವಾದ ಕಡೆ ಕುದುರೆಗಳು ಒಳಹೊಕ್ಕವು.

ಬಿಲ್ಲಿಗೂ ಒಂದು ದೌರ್ಬಲ್ಯವಿದೆ ಎಂಬುದನ್ನು ಹದಿನಾರು ವರ್ಷಗಳ ನಂತರ ಸ್ಕಾಟ್ ದೊರೆ ರಾಬರ್ಟ್ ಬ್ರೂಸ್ ತೋರಿಸಿಕೊಟ್ಟ. 1314ರ ಜೂನಿನಲ್ಲಿ ಬ್ಯಾನಕ್‌ಬರ್ನ್‌ನಲ್ಲಿ ಅವನ ಮುಳ್ಳುಕೋಟೆಗಳು ನಿಲ್ಲದೆ ಮುಂದೆ ನಡೆದವು. ಇಂಗ್ಲಿಷ್ ಬಿಲ್ಲುಗಾರರು ಪಕ್ಕದಿಂದ ಬಾಣ ಸುರಿಸತೊಡಗಿದಾಗ ಸ್ಕಾಟರ ಕಡೆಯ ಸರ್ ರಾಬರ್ಟ್ ಕೀತ್ ಸುಮಾರು 500 ಹಗುರ ಕುದುರೆಗಳೊಂದಿಗೆ ಅವರ ಮೇಲೆರಗಿ ಚದುರಿಸಿದ. ಎರಡು ಕೈಯೂ ಬಿಲ್ಲಿಗೆ ಮೀಸಲಾದವನ ಹತ್ತಿರಕ್ಕೆ ಕುದುರೆ ಬಂದುಬಿಟ್ಟರೆ ಅವನಿಗೆ ರಕ್ಷಣೆಯಿಲ್ಲ. ಅಂದು ಸೋತು ಮರಳಿದ ಇಂಗ್ಲಿಷ್ ಪಾಳಯದಲ್ಲಿ ಹೆನ್ರಿ ಬೋಮಂಟ್ ಎಂಬವನಿದ್ದ. ಅವನು ಹದಿನೆಂಟು ವರ್ಷ ಆ ಪಾಠವನ್ನು ಮರೆಯಲಿಲ್ಲ.

ಡಪ್ಲಿನ್ ಬಯಲಿನ ರಾಶಿ

1332ರ ಆಗಸ್ಟ್ 11, ಪರ್ತ್ ಪಟ್ಟಣದ ಹತ್ತಿರದ ಡಪ್ಲಿನ್ ಮೂರ್. ಸ್ಕಾಟ್ಲೆಂಡಿನ ಸಿಂಹಾಸನ ಬಯಸಿದ ಎಡ್ವರ್ಡ್ ಬೇಲಿಯಲ್ ಮತ್ತು ಬೋಮಂಟ್ ಸುಮಾರು 1500 ಜನರೊಂದಿಗೆ ಬಂದಿದ್ದರು, ಅವರಲ್ಲಿ ಹೆಚ್ಚಿನವರು ಬಿಲ್ಲುಗಾರರು. ಎದುರಿಗೆ ಮಾರ್‌ನ ಅರ್ಲ್ (ಸಾಮಂತ) ನಡೆಸುತ್ತಿದ್ದ, ಅದಕ್ಕಿಂತ ಎಷ್ಟೋ ಪಟ್ಟು ದೊಡ್ಡ ಸ್ಕಾಟ್ ಸೇನೆ. ಬೋಮಂಟ್ ಕವಚಧಾರಿಗಳನ್ನು ಕುದುರೆಯಿಂದ ಇಳಿಸಿ ನಡುವೆ ನಿಲ್ಲಿಸಿದ. ಬಿಲ್ಲುಗಾರರನ್ನು ಎರಡು ಪಕ್ಕಗಳಲ್ಲಿ, ತೆರೆದ ಎರಡು ತೋಳುಗಳಂತೆ ಮುಂಚಾಚಿ ನಿಲ್ಲಿಸಿದ.

ಆಮೇಲಿನದು ಭಯಂಕರ. ಯಾವ ದಳ ಮೊದಲು ನುಗ್ಗಬೇಕೆಂದು ಸ್ಕಾಟ್ ನಾಯಕರಲ್ಲಿ ಜಗಳವಾಗಿ ಎರಡೂ ದಳ ಪೈಪೋಟಿಯಲ್ಲಿ ಓಡಿದವು. ಮೊದಲ ದಳ ಇಂಗ್ಲಿಷರ ನಡುಸಾಲಿಗೆ ಗುದ್ದಿ ನಿಂತಿತು. ಪಕ್ಕಗಳಿಂದ ಬಾಣ ಬಂದವು. ಬಾಣ ಬಂದ ಕಡೆಗೆ ಮುಖ ಕೊಡಲು ಯಾರಿಗೂ ಮನಸ್ಸಿಲ್ಲ. ಅಂಚಿನಲ್ಲಿದ್ದವನು ತಲೆ ತಗ್ಗಿಸಿ ಒಳಕ್ಕೆ ಸರಿಯುತ್ತಾನೆ, ಅವನ ಒತ್ತಿಗೆ ಪಕ್ಕದವನು, ಅವನ ಒತ್ತಿಗೆ ಇನ್ನೊಬ್ಬ. ಅಷ್ಟರಲ್ಲಿ ಎರಡನೆಯ ದಳ ಹಿಂದಿನಿಂದ ಬಂದು ಅಪ್ಪಳಿಸಿತು. ಬಿದ್ದವರ ಮೇಲೆ ಬಿದ್ದವರು. ಆಯುಧದಿಂದ ಸತ್ತವರಿಗಿಂತ ಉಸಿರುಗಟ್ಟಿ ಸತ್ತವರೇ ಹೆಚ್ಚು, ಹೆಣದ ರಾಶಿ ಈಟಿಯುದ್ದ ಎತ್ತರವಿತ್ತು ಎಂದು ಆ ಕಾಲದ ಬರಹಗಾರರು ದಾಖಲಿಸಿದ್ದಾರೆ. ಮಾರ್‌ನ ಅರ್ಲ್ ಸಹ ಅದರೊಳಗಿದ್ದ.

ಉತ್ಪ್ರೇಕ್ಷೆ ಎನ್ನಿಸಬಹುದು. ಆದರೆ ಜನಜಂಗುಳಿಯನ್ನು ಅಧ್ಯಯನ ಮಾಡುವ ಇಂದಿನ ವಿಜ್ಞಾನಿಗಳಿಗೆ ಈ ವಿವರ ಚೆನ್ನಾಗಿ ಗೊತ್ತು. ಒಂದು ಚದರ ಮೀಟರಿನಲ್ಲಿ ನಾಲ್ಕು ಜನರಿದ್ದರೆ ಇಕ್ಕಟ್ಟು, ಅಷ್ಟೆ. ಆರೇಳು ಜನ ದಾಟಿದರೆ ಗುಂಪು ನೀರಿನಂತೆ ವರ್ತಿಸತೊಡಗುತ್ತದೆ. ಒಂದು ಕಡೆಯ ನೂಕು ಅಲೆಯಾಗಿ ಮತ್ತೊಂದು ಕಡೆಗೆ ಹಾಯುತ್ತದೆ, ಯಾರ ಕಾಲೂ ಅವರ ಮಾತು ಕೇಳುವುದಿಲ್ಲ. ಇಂಥ ಒತ್ತಡಕ್ಕೆ ಕಬ್ಬಿಣದ ಕಟಕಟೆಗಳು ಬಗ್ಗಿದ್ದುಂಟು. ಜಾತ್ರೆಗಳಲ್ಲಿ, ನಿಲ್ದಾಣಗಳಲ್ಲಿ ಹೀಗಾದಾಗ ನಮ್ಮ ಪತ್ರಿಕೆಗಳು ಕಾಲ್ತುಳಿತ ಎಂದು ಬರೆಯುತ್ತವೆ. ಆ ಪದ ನಮ್ಮನ್ನು ದಾರಿ ತಪ್ಪಿಸುತ್ತದೆ ಎಂಬುದು ನನ್ನ ಬೇಸರ. ಬಹಳ ಜನ ನಿಂತಲ್ಲೇ ಸಾಯುತ್ತಾರೆ. ಉಸಿರೆಳೆಯಬೇಕಾದರೆ ಪಕ್ಕೆಲುಬು ಅಗಲಬೇಕು. ಸುತ್ತಲಿನವರ ಮೈ ಅದಕ್ಕೆ ಜಾಗ ಕೊಡುವುದಿಲ್ಲ.

ಅಂದರೆ ಡಪ್ಲಿನ್‌ನಲ್ಲಿ ಬಾಣ ಮಾಡಿದ ಮುಖ್ಯ ಕೆಲಸ ಕೊಲ್ಲುವುದಲ್ಲ, ಕುರಿಹಿಂಡನ್ನು ನಾಯಿ ದೊಡ್ಡಿಗೆ ಅಟ್ಟುವಂತೆ ಗುಂಪನ್ನು ಒತ್ತರಿಸುವುದು. ಆ ಗುಂಪನ್ನು ಕೊಂದದ್ದು ಅದರದೇ ಭಾರ.

ಮರುವರ್ಷ, 1333ರ ಜುಲೈ 19ರಂದು, ಬೆರ್ವಿಕ್ ಬಳಿಯ ಹ್ಯಾಲಿಡನ್ ಗುಡ್ಡದಲ್ಲಿ ಇಂಗ್ಲೆಂಡಿನ ದೊರೆ ಮೂರನೆಯ ಎಡ್ವರ್ಡ್ ಇದೇ ಏರ್ಪಾಡನ್ನು ಮೂರು ದಳಕ್ಕೂ ಮಾಡಿದ. ಸ್ಕಾಟರು ಜೌಗು ದಾಟಿ ಏರು ಹತ್ತಬೇಕಿತ್ತು. ಕೆಸರು ಮೆತ್ತಿದ ಕಾಲಲ್ಲಿ ಗುಡ್ಡದ ಇನ್ನೂರು ಮೀಟರ್ ಹತ್ತಲು ಮೂರು ನಿಮಿಷವಾದರೂ ಹಿಡಿಯುತ್ತದೆ. ನಿಮಿಷಕ್ಕೆ ಆರರಂತೆ ಒಬ್ಬ ಬಿಲ್ಲುಗಾರ ಅಷ್ಟರಲ್ಲಿ ಹದಿನೆಂಟು ಬಾಣ ಬಿಡಬಲ್ಲ. ಸಾವಿರ ಬಿಲ್ಲುಗಾರರಾದರೆ ಹದಿನೆಂಟು ಸಾವಿರ. ಮುಂದಿನ ಸಾಲಿನವರು ಬಾಣಗಳ ಹೊಡೆತ ತಾಳದೆ ಮುಖ ತಿರುಗಿಸತೊಡಗಿದರು ಎಂದು ಲ್ಯಾನರ್‌ಕೋಸ್ಟ್ ಮಠದ ಹೆಸರಿನ ಚರಿತ್ರೆ ಹೇಳುತ್ತದೆ. ಮುಖ ತಿರುಗಿಸಿದವನ ಈಟಿ ಎಲ್ಲಿ ನೋಡುತ್ತದೆ? ಮುಳ್ಳುಕೋಟೆಯ ಮುಳ್ಳುಗಳು ಹೀಗೆ ತಾವೇ ಒರಗಿದವು.

ಮುಖಕ್ಕೆ ಬಿದ್ದ ಬಾಣ

ಉದ್ದಬಿಲ್ಲಿನ ಬಾಣ ಉಕ್ಕಿನ ಕವಚವನ್ನು ಕಾಗದದಂತೆ ಸೀಳುತ್ತಿತ್ತು ಎಂಬ ನಂಬಿಕೆ ಬಹಳ ಹಳೆಯದು. ಇತ್ತೀಚಿನ ಪ್ರಯೋಗಗಳಲ್ಲಿ, 70 ಕಿಲೊ ದಾಟಿದ ಬಿಲ್ಲಿನಿಂದ ಹೊಡೆದ ಬಾಣವೂ 15ನೆಯ ಶತಮಾನದ ಮಾದರಿಯ ಎದೆಗವಚವನ್ನು ತೂರಲಿಲ್ಲ. ದಂಡ ಚೂರುಚೂರಾಗಿ ಸಿಡಿಯಿತು. ಆದರೆ ಸ್ಕಾಟ್ ಈಟಿಗಾರರಲ್ಲಿ ಬಹುಪಾಲು ಜನರ ಮೈಮೇಲೆ ಇದ್ದದ್ದು ಒತ್ತಾಗಿ ಹೊಲಿದ ಕೌದಿಯಂಥ ಅಂಗಿ. ಇನ್ನು ಕವಚ ತೊಟ್ಟವನೂ ನೋಡಬೇಕು, ಉಸಿರಾಡಬೇಕು, ಕೂಗಿ ಅಪ್ಪಣೆ ಕೊಡಬೇಕು. ಹಾಗಾಗಿ ಮುಖಕ್ಕೆ ಬಿದ್ದ ಬಾಣಗಳ ಕಥೆ ಚರಿತ್ರೆಯುದ್ದಕ್ಕೂ ಇದೆ.

1346ರಲ್ಲಿ ಡರಮ್ ಊರಿನ ಹತ್ತಿರ ನೆವಿಲ್ಸ್ ಕ್ರಾಸ್‌ನಲ್ಲಿ ಸ್ಕಾಟ್ ದೊರೆ ಎರಡನೆಯ ಡೇವಿಡ್ ಮುಖಕ್ಕೆ ಬಾಣ ತಾಗಿ ಸೆರೆಸಿಕ್ಕ, ಹನ್ನೊಂದು ವರ್ಷ ಬಂದಿಯಾಗಿದ್ದ. 1402ರಲ್ಲಿ ಹೋಮಿಲ್ಡನ್ ಗುಡ್ಡದಲ್ಲಿ ಕಾಳಗವನ್ನು ಹೆಚ್ಚುಕಮ್ಮಿ ಬಿಲ್ಲುಗಾರರೇ ಮುಗಿಸಿದರು, ಸ್ಕಾಟರ ನಾಯಕ ಆರ್ಚಿಬಾಲ್ಡ್ ಡಗ್ಲಸ್ ಒಂದು ಕಣ್ಣು ಕಳೆದುಕೊಂಡ. ಮರುವರ್ಷ ಶ್ರೂಸ್‌ಬರಿಯಲ್ಲಿ ಇಂಗ್ಲಿಷರ ಮೇಲೆ ಇಂಗ್ಲಿಷರೇ ಬಾಣ ಬಿಟ್ಟಾಗ, ಮುಂದೆ ಐದನೆಯ ಹೆನ್ರಿಯಾಗಲಿದ್ದ ಹದಿನಾರರ ರಾಜಕುಮಾರನ ಕೆನ್ನೆಗೆ ಬಾಣ ನಾಟಿತು. ದಂಡ ಕಿತ್ತು ಬಂತು, ಮೊನೆ ಸುಮಾರು 15 ಸೆಂಟಿಮೀಟರ್ ಆಳದಲ್ಲಿ ಉಳಿಯಿತು. ಜಾನ್ ಬ್ರ್ಯಾಡ್‌ಮೋರ್ ಎಂಬ ಶಸ್ತ್ರವೈದ್ಯ ಬಟ್ಟೆ ಸುತ್ತಿದ ಕಡ್ಡಿಗಳನ್ನು ಜೇನಿನಲ್ಲಿ ಅದ್ದಿ, ದಿನದಿನಕ್ಕೆ ಗಾತ್ರ ಹೆಚ್ಚಿಸುತ್ತ ಗಾಯದ ದಾರಿಯನ್ನು ಅಗಲಿಸಿದ. ತಾನೇ ರೂಪಿಸಿದ ಸಣ್ಣ ಇಕ್ಕಳವನ್ನು ಒಳಬಿಟ್ಟು, ಮೊನೆಯ ಟೊಳ್ಳಿನೊಳಗೆ ತಿರುಪಿನಿಂದ ಅದನ್ನು ಅಗಲಿಸಿ ಹಿಡಿದು, ಮೆಲ್ಲಗೆ ಅಲ್ಲಾಡಿಸಿ ಹೊರತೆಗೆದ. ರೋಗಾಣು ಎಂಬ ಮಾತೇ ಇಲ್ಲದ ಕಾಲದಲ್ಲಿ ಜೇನು ನಂಜು ತಡೆಯಿತು. ಹುಡುಗ ಬದುಕಿ, ಹನ್ನೆರಡು ವರ್ಷಗಳ ನಂತರ ಫ್ರಾನ್ಸಿನ ರಣರಂಗ ಆಜಿನ್‌ಕೋರ್ಟ್‌ನಲ್ಲಿ ತನ್ನ ಬಿಲ್ಲುಗಾರರ ನಡುವೆ ನಿಂತ.

ಒಂದು ಹಸುವಿನ ಬೆಲೆ

ಈಗ ಮೊದಲಿನ ಪ್ರಶ್ನೆ. ಸ್ಕಾಟರೇಕೆ ಕಲಿಯಲಿಲ್ಲ?

ಪ್ರಯತ್ನವೇ ಮಾಡಲಿಲ್ಲ ಎನ್ನುವುದು ತಪ್ಪು. 1318ರಲ್ಲೇ ರಾಬರ್ಟ್ ಬ್ರೂಸ್ ಒಂದು ಶಾಸನ ಮಾಡಿದ್ದ. ಒಂದು ಹಸುವಿನ ಬೆಲೆಯಷ್ಟು ಆಸ್ತಿ ಇದ್ದವನು ಒಂದು ಒಳ್ಳೆಯ ಈಟಿ, ಇಲ್ಲವೆ ಒಂದು ಒಳ್ಳೆಯ ಬಿಲ್ಲು ಮತ್ತು 24 ಬಾಣ ಇಟ್ಟುಕೊಂಡಿರಬೇಕು. ಆ "ಇಲ್ಲವೆ" ಎಂಬ ಪದದ ಮೇಲೆ ನನ್ನ ಕಣ್ಣು ನಿಲ್ಲುತ್ತದೆ. ಕಾನೂನು ಎರಡನ್ನೂ ಒಂದೇ ತಕ್ಕಡಿಯಲ್ಲಿ ಇಟ್ಟಿತು. ಬೇಸಾಯಗಾರನ ಜಾಗದಲ್ಲಿ ನಿಂತು ಯೋಚಿಸಿ. ಈಟಿ ಹಿಡಿದು ಸಾಲಿನಲ್ಲಿ ನಿಲ್ಲುವುದನ್ನು ಕೆಲವು ವಾರಗಳಲ್ಲಿ ಕಲಿಯಬಹುದು. ಬಿಲ್ಲಿಗೆ ಮಗನ ಬಾಲ್ಯವನ್ನೇ ತೆರಬೇಕು.

ಇಂಗ್ಲೆಂಡಿನಲ್ಲಿ ಹಾಗೆ ತೆತ್ತದ್ದಕ್ಕೆ ಫಲವಿತ್ತು. 1285ರ ಕಾನೂನು ಬಡವರ ಮನೆಯಲ್ಲೂ ಬಿಲ್ಲಿರಬೇಕೆಂದಿತು. 1363ರಲ್ಲಿ ಮೂರನೆಯ ಎಡ್ವರ್ಡ್ ಹಬ್ಬದ ದಿನ ಕಾಲ್ಚೆಂಡು, ಕೋಳಿಅಂಕ ಬಿಟ್ಟು ಬಿಲ್ಲು ಅಭ್ಯಾಸ ಮಾಡಿ ಎಂದು ಅಪ್ಪಣೆ ಹೊರಡಿಸಿದ. ಅಪ್ಪಣೆಗಿಂತ ದೊಡ್ಡ ಆಕರ್ಷಣೆ ಸಂಬಳ. ಫ್ರಾನ್ಸಿನ ಯುದ್ಧ ನೂರು ವರ್ಷ ದಾಟಿ ನಡೆಯಿತು. ಕುದುರೆಯೇರಿ ಸಾಗುವ ಬಿಲ್ಲುಗಾರನಿಗೆ ದಿನಕ್ಕೆ 6 ಪೆನ್ನಿ, ನುರಿತ ಬಡಗಿಯ ಕೂಲಿಗಿಂತ ಹೆಚ್ಚು. ಮಗನ ಕೈಗೆ ಬಿಲ್ಲು ಕೊಟ್ಟ ಅಪ್ಪನಿಗೆ ಅದು ಒಂದು ಉದ್ಯೋಗಕ್ಕೆ ಹಾಕಿದ ಬುನಾದಿ. ಸ್ಕಾಟ್ಲೆಂಡಿನಲ್ಲಿ ಅಂಥ ನಿರಂತರ ಸಂಬಳದ ಸೇನೆ ಇರಲಿಲ್ಲ. ದೊರೆ ಕರೆದಾಗ ಜನ ತಮ್ಮ ಬುತ್ತಿ ಕಟ್ಟಿಕೊಂಡು ಬರಬೇಕು, ಕೆಲವು ವಾರಗಳಲ್ಲಿ ಮನೆಗೆ ಮರಳಬೇಕು.

ಡಗ್ಲಸ್ ಆಲನ್, ಪೀಟರ್ ಲೀಸನ್ ಎಂಬ ಇಬ್ಬರು ಅರ್ಥಶಾಸ್ತ್ರಜ್ಞರು 2015ರಲ್ಲಿ ಬೇರೊಂದು ಕಾರಣ ಮುಂದಿಟ್ಟರು. ಊರೂರಿನ ಜನರ ಕೈಗೆ ಅಗ್ಗದ, ಅಪಾಯದ ಆಯುಧ ಕೊಡಲು ಗಟ್ಟಿಯಾಗಿ ಕೂತ ದೊರೆಗಷ್ಟೇ ಧೈರ್ಯ, ಅಲುಗಾಡುವ ಸಿಂಹಾಸನದವನಿಗೆ ದಂಗೆಯ ಭಯ ಎಂಬುದು ಅವರ ವಾದ. ಅದರಲ್ಲಿ ಹುರುಳಿದೆ. ಆದರೆ ಒಂದನೆಯ ಜೇಮ್ಸ್‌ನ ನಡೆ ಅದಕ್ಕೆ ಸಲೀಸಾಗಿ ಹೊಂದುವುದಿಲ್ಲ. ಇಂಗ್ಲಿಷರ ಸೆರೆಯಲ್ಲಿ ಹದಿನೆಂಟು ವರ್ಷ ಬೆಳೆದು, ಉದ್ದಬಿಲ್ಲಿನ ಶಕ್ತಿಯನ್ನು ಹತ್ತಿರದಿಂದ ಕಂಡು, 1424ರಲ್ಲಿ ತಾಯ್ನಾಡಿಗೆ ಮರಳಿದ ಈ ಸ್ಕಾಟ್ ದೊರೆ ಅದೇ ವರ್ಷ ಕಾಲ್ಚೆಂಡಾಟವನ್ನು ನಿಷೇಧಿಸಿದ, ಹನ್ನೆರಡು ತುಂಬಿದ ಪ್ರತಿ ಗಂಡೂ ಬಿಲ್ಲು ಕಲಿಯಬೇಕು ಎಂದ. ವಯಸ್ಸನ್ನು ಎಷ್ಟು ಸರಿಯಾಗಿ ಹಿಡಿದಿದ್ದ ನೋಡಿ, ಹೆಗಲ ಮೂಳೆ ಇನ್ನೂ ಎಳಸಾಗಿರುವ ವಯಸ್ಸು. ಅವನ ಮಗ ಎರಡನೆಯ ಜೇಮ್ಸ್ 1457ರ ಕಾನೂನಿನಲ್ಲಿ ಕಾಲ್ಚೆಂಡಿನ ಜೊತೆ ಗಾಲ್ಫ್ ಆಟವನ್ನೂ ಸೇರಿಸಿದ. ಗಾಲ್ಫ್ ಎಂಬ ಹೆಸರು ಬರಹದಲ್ಲಿ ಸಿಗುವ ಬಲು ಹಳೆಯ ದಾಖಲೆಗಳಲ್ಲಿ ಆ ನಿಷೇಧವೂ ಒಂದು. ಭಾನುವಾರ ಚರ್ಚಿನ ಬಳಿ ಪ್ರತಿಯೊಬ್ಬನೂ ಕನಿಷ್ಠ ಆರು ಬಾಣ ಬಿಡಬೇಕು, ಬಾರದವನು ಎರಡು ಪೆನ್ನಿ ತೆರಬೇಕು, ಆ ಹಣದಲ್ಲಿ ಬಂದವರು ಕುಡಿಯಬಹುದು ಎಂದಿತ್ತು.

ವಾರಕ್ಕೆ ಆರು ಬಾಣ. ಹ್ಯಾಲಿಡನ್ ಗುಡ್ಡದ ಮೇಲೆ ಅದು ಒಂದು ನಿಮಿಷದ ಕೆಲಸವಾಗಿತ್ತು. ಒಂದೂವರೆ ಮೂಟೆಯ ಬಿಲ್ಲಿಗೆ ಬೇಕಾದ ಮೈ ಇಷ್ಟರಿಂದ ಕಟ್ಟಿಕೊಳ್ಳುವುದಿಲ್ಲ. ಅದೇ ನಿಷೇಧವನ್ನು 1471ರಲ್ಲಿ, 1491ರಲ್ಲಿ ಮತ್ತೆ ಹೊರಡಿಸಬೇಕಾಯಿತು. ಜನ ಕೇಳಿರಲಿಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ. ಸ್ಕಾಟರಲ್ಲಿ ಒಳ್ಳೆಯ ಬಿಲ್ಲುಗಾರರು ಇದ್ದರು, ಸಾವಿರಾರು ಮಂದಿ ಫ್ರಾನ್ಸಿಗೆ ಹೋಗಿ ಅಲ್ಲಿಯ ದೊರೆಗಾಗಿ ಕಾದಿದರು, ಅವನ ಅಂಗರಕ್ಷಕರೂ ಆದರು. ಎಲ್ಲಿ ಸಂಬಳವಿತ್ತೋ ಅಲ್ಲಿಗೆ ಹೆಗಲುಗಳೂ ಹೋದವು.

ಮದ್ದಿನ ಪುಡಿ

ಕೊನೆಗೆ ಇಂಗ್ಲೆಂಡಿನ ಹುಂಡಿಯೂ ಬರಿದಾಯಿತು. ಬಂದೂಕು ಬಂದಾಗ ಅದು ಬಿಲ್ಲಿಗಿಂತ ಬಹಳ ನಿಧಾನ, ಮಳೆಗೆ ನೆನೆಯುತ್ತಿತ್ತು, ಗುರಿಯೂ ಅಷ್ಟಕ್ಕಷ್ಟೆ. ಆದರೂ ಗೆದ್ದಿತು, ಏಕೆಂದರೆ ಅದರ ಶಕ್ತಿ ಮದ್ದಿನ ಪುಡಿಯಲ್ಲಿ ಮೊದಲೇ ತುಂಬಿರುತ್ತದೆ. ಮೈ ತುಂಬಿಸಬೇಕಾಗಿಲ್ಲ. ದಂಡಯಾತ್ರೆಯಲ್ಲಿ ಭೇದಿ ಹತ್ತಿ, ಹೊಟ್ಟೆಗಿಲ್ಲದೆ ಸೊರಗಿದ ಬಿಲ್ಲುಗಾರನ ಬಾಣವೂ ಸೊರಗುತ್ತದೆ. ಸೊರಗಿದವನ ಗುಂಡು ಮಾತ್ರ ಅಷ್ಟೇ ಜೋರಾಗಿ ಹಾರುತ್ತದೆ. ರೈತನೊಬ್ಬನನ್ನು ಹಿಡಿದು ಕೆಲವು ವಾರ ಕಲಿಸಿದರೆ ಅವನು ಬಂದೂಕಿನ ಸಿಪಾಯಿ. 1595ರಲ್ಲಿ ಇಂಗ್ಲೆಂಡಿನ ಆಡಳಿತ ಮಂಡಳಿ, ತರಬೇತಿಯಾದ ಪಡೆಗಳಲ್ಲಿ ಇನ್ನು ಬಿಲ್ಲುಗಾರರನ್ನು ಲೆಕ್ಕಕ್ಕೆ ಹಿಡಿಯಬೇಡಿ ಎಂದಿತು. ಒಮ್ಮೆ ಅಭ್ಯಾಸ ನಿಂತರೆ ಮುಗಿಯಿತು. ಮತ್ತೆ ಬೇಕೆಂದರೆ ಈಗಷ್ಟೇ ಹುಟ್ಟಿದ ಮಕ್ಕಳಿಂದ ಶುರುಮಾಡಬೇಕು.

ಸ್ಕಾಟ್ಲೆಂಡಿನಲ್ಲಿ ಅದು ಮೊದಲೇ ಆಗಿಹೋಗಿತ್ತು. 1502ರ ಸೆಪ್ಟೆಂಬರಿನಲ್ಲಿ ನಾಲ್ಕನೆಯ ಜೇಮ್ಸ್ ದೊರೆಯ ಖರ್ಚಿನ ಪಟ್ಟಿಯಲ್ಲಿ ಒಂದು ಬಾಬತ್ತು ಬರುತ್ತದೆ. ಪರ್ತ್ ಊರಿನ ಬಿಲ್ಲು ಮಾಡುವವನಿಗೆ, ಆಟದ ದಾಂಡುಗಳಿಗಾಗಿ ಕೊಟ್ಟ ಹಣ. ಅವು ಗಾಲ್ಫ್ ದಾಂಡುಗಳು ಎಂಬುದು ಚರಿತ್ರಕಾರರ ಅಭಿಪ್ರಾಯ. ಡಪ್ಲಿನ್ ಬಯಲು ಆ ಊರಿಗೆ ಹತ್ತೇ ಕಿಲೊಮೀಟರಿನ ಆಸುಪಾಸು. ಮರದ ಬಳೆ ನೋಡಿ ಅದರ ಚಿಮ್ಮು ಎಲ್ಲಿದೆ ಎಂದು ಬಲ್ಲ ಕೈ ಇನ್ನೂ ಅಲ್ಲಿತ್ತು, ಗಿರಾಕಿ ಬೇರೆಯಾಗಿದ್ದ. 1603ರಲ್ಲಿ ಆರನೆಯ ಜೇಮ್ಸ್ ಎರಡೂ ರಾಜ್ಯಗಳ ಒಬ್ಬನೇ ದೊರೆಯಾಗಿ ಲಂಡನ್ನಿಗೆ ಹೊರಟಾಗ ವಿಲಿಯಂ ಮೇನ್ ಎಂಬ ಎಡಿನ್‌ಬರೋದ ಬಿಲ್ಲುಕಸುಬಿಯನ್ನು ಅರಮನೆಯ ಕೆಲಸಕ್ಕೆ ನೇಮಿಸಿದ. ಅವನು ಮಾಡಿಕೊಡಬೇಕಾಗಿದ್ದದ್ದು ಬಿಲ್ಲು, ಬಾಣ, ಈಟಿ, ಮತ್ತು ದೊರೆಯ ಆಟಕ್ಕೆ ದಾಂಡು.